ಕಾಲದ ಮಗ್ಗಕ್ಕೆ ಬ್ಯಾಕಪ್ ಎಲ್ಲಿ ಸ್ವಾಮಿ?

'ಲೋಕಿ' ಸರಣಿಯ ಎರಡನೇ ಸೀಸನ್ ಮುಗಿದಿದ್ದು 2023ರ ನವೆಂಬರಿನಲ್ಲಿ. ಈಗಲೂ ಊಟದ ಹೊತ್ತಲ್ಲಿ ಅದರ ಮಾತು ಬಂದ್ರೆ ನಮ್ಮ ಹುಡುಗ್ರು "ಏನ್ ಕ್ಲೈಮ್ಯಾಕ್ಸ್ ಗುರೂ!" ಅಂತ ಕಣ್ಣರಳಿಸ್ತಾರೆ. ನಂಗೆ ಮಾತ್ರ ಆ ಕೊನೇ ಕಂತು ನೆನಪಾದ್ರೆ ಮೈ ಉರಿಯುತ್ತೆ. (ನೋಡದೇ ಇರೋರು ಇಲ್ಲಿಗೇ ನಿಲ್ಲಿಸಿ, ಕಥೆ ಪೂರ್ತಿ ಬಿಚ್ಚಿಡೋನಿದ್ದೀನಿ.)

ನೋಡಿ ಮರೆತವರಿಗೆ ಒಂಚೂರು ಹಿನ್ನೆಲೆ. ಟಿವಿಎ ಅಂದ್ರೆ ಕಾಲವನ್ನ ಕಾಯೋ ಒಂದು ಕಚೇರಿ, ಥೇಟ್ ನಮ್ಮ ಸರ್ಕಾರಿ ಆಫೀಸಿನ ಹಾಗೇ ಫೈಲು, ಟೋಕನ್ನು, ಕ್ಯೂ ಎಲ್ಲಾ ಇದೆ. ಅದರ ಹೃದಯದಲ್ಲಿ 'ಟೆಂಪೊರಲ್ ಲೂಮ್' ಅನ್ನೋ ದೈತ್ಯ ಯಂತ್ರ, ಕಾಲದ ಮಗ್ಗ. ಹಸಿ ಕಾಲ ಒಳಗೆ ಹೋಗುತ್ತೆ, ನೇಯ್ದ ಕಾಲರೇಖೆ ಹೊರಗೆ ಬರುತ್ತೆ. ಒಂದೇ ರೇಖೆ ಇರೋ ತನಕ ಎಲ್ಲಾ ಚೆನ್ನಾಗಿತ್ತು. 2021ರ ಮೊದಲ ಸೀಸನ್ನಿನ ಕೊನೆಗೆ ಸಿಲ್ವಿ, ಈ ವ್ಯವಸ್ಥೆಯನ್ನೆಲ್ಲಾ ಕಟ್ಟಿದ 'ಹಿ ಹೂ ರಿಮೇನ್ಸ್'ನನ್ನ ಕೊಂದಳು. ಕಾಲ ಎಲ್ಲೆಂದರಲ್ಲಿ ಕವಲೊಡೀತು, ಮಗ್ಗಕ್ಕೆ ಲೋಡ್ ತಡೆಯೋಕಾಗ್ಲಿಲ್ಲ.

ಈಗ ರಿಪೇರಿ ವಿಭಾಗದ ಓಬಿ ಬರ್ತಾನೆ. ನಾನೂರು ವರ್ಷದಿಂದ ನೆಲಮಾಳಿಗೆಯಲ್ಲಿ ಒಬ್ಬನೇ ಕೂತು ಕೆಲಸ ಮಾಡ್ತಿರೋ ಮನುಷ್ಯ, ಕೈಪಿಡಿ ಬರೆದವನೂ ಅವನೇ. ಮೆಚ್ಚಿದೆ ನಾನು! ಅವನ ಉಪಾಯ, ಮಗ್ಗದ ಸಾಮರ್ಥ್ಯ ಹೆಚ್ಚಿಸೋ ಒಂದು ಸಾಧನವನ್ನ ಅದಕ್ಕೆ ಜೋಡಿಸೋದು. ಅಲ್ಲಿಂದ ಕೊನೇ ಕಂತಿನ ಅರ್ಧದ ತನಕ ಬರೀ ಅದೇ ಒದ್ದಾಟ. ಲೋಕಿ ಅಂತೂ ಮತ್ತೆ ಮತ್ತೆ ಹಿಂದಕ್ಕೆ ಹೋಗಿ, ಶತಮಾನಗಳ ಕಾಲ ಓಬಿಯಷ್ಟೇ ವಿದ್ಯೆ ಕಲೀತಾನೆ. (ನಾವು ನಾಲ್ಕೇ ವರ್ಷದಲ್ಲಿ ಮುಗಿಸಿದ್ವಿ, ಬ್ಯಾಕ್‌ಲಾಗ್ ಸೇರಿ ಕೆಲವರು ಐದು :-)) ಕೊನೆಗೆ ಸಾಧನ ಸರಿಯಾಗಿ ಕೂರುತ್ತೆ, ಆದ್ರೂ ಮಗ್ಗ ಒಡೆಯುತ್ತೆ. ಕವಲುಗಳು ಅನಂತ, ಅನಂತಕ್ಕೆ ಸಾಲುವಷ್ಟು ಯಂತ್ರ ಮಾಡೋಕಾಗಲ್ಲ ಅಂತ ವಿಕ್ಟರ್ ಟೈಮ್ಲಿ ಕೈಚೆಲ್ತಾನೆ.

ಅಲ್ಲಾ ಸ್ವಾಮಿ, ಇಷ್ಟೊಂದು ಬುದ್ಧಿವಂತರು ಸೇರಿದಾರೆ, "ಇನ್ನೊಂದು ಮಗ್ಗ ಹಾಕಿದ್ರೆ?" ಅಂತ ಒಬ್ಬನೂ ಕೇಳಲ್ವಲ್ಲ! ಯಾವ ನೇಕಾರರ ಕೇರಿಗಾದ್ರೂ ಹೋಗಿ ನೋಡಿ. ಊರಿನ ಸೀರೆಯನ್ನೆಲ್ಲಾ ಒಂದೇ ಮಗ್ಗದಲ್ಲಿ ನೇಯ್ತಾರಾ? ಹೊಸಾ ಕವಲು ಹುಟ್ಟಿದಾಗ ಅದರ ಜೊತೆಗೇ ಅದಕ್ಕೊಂದು ಪುಟ್ಟ ಮಗ್ಗ ಹುಟ್ಟೋ ಹಾಗೆ ಯೋಚಿಸೋದು ಅಷ್ಟು ಕಷ್ಟವಾ? ಆಮೇಲೆ ಗುಟ್ಟು ಹೊರಗೆ ಬರುತ್ತೆ. ಕವಲು ಜಾಸ್ತಿಯಾದ್ರೆ ಬೇಡದ್ದನ್ನೆಲ್ಲಾ ಅಳಿಸಿಹಾಕಿ ತನಗೆ ಬೇಕಾದ ಒಂದನ್ನ ಮಾತ್ರ ಉಳಿಸಿಕೊಳ್ಳಲಿ ಅಂತಲೇ ಆ ಪುಣ್ಯಾತ್ಮ ಅದನ್ನ ಕಟ್ಟಿರೋದು. ಅಂದ್ರೆ ಅದು ಕಾಲವನ್ನ ಸ್ಥಿರವಾಗಿಡೋ ಯಂತ್ರವೇ ಅಲ್ಲ, ಯಜಮಾನನ ಕುರ್ಚಿಯನ್ನ ಸ್ಥಿರವಾಗಿಡೋ ಯಂತ್ರ. ಈ ತಿರುವು ನಿಜಕ್ಕೂ ಭರ್ಜರಿ, ನಾನೂ ಚಪ್ಪಾಳೆ ತಟ್ಟಿದೆ.

ಆದ್ರೆ ಅದಕ್ಕೆ ಉತ್ತರ ಏನು ಕೊಟ್ರು? ಲೋಕಿ ಮಗ್ಗವನ್ನ ಪುಡಿ ಮಾಡ್ತಾನೆ, ಸಾಯ್ತಿರೋ ಎಳೆಗಳನ್ನೆಲ್ಲಾ ಬಾಚಿ ಕೈಯಲ್ಲಿ ಹಿಡೀತಾನೆ, ಸಿಂಹಾಸನದ ಮೇಲೆ ಒಬ್ಬನೇ ಕೂತ್ಕೋತಾನೆ. ಕಾಲ ಹೋಗಿ ಮರವಾಯ್ತು, ಹಿಂದೆ ಸಂಗೀತ, ಎಲ್ಲರ ಕಣ್ಣಲ್ಲೂ ನೀರು. ಹಳೇ ಕುರ್ಚೀಲಿ ಒಬ್ಬ ಕೂತಿದ್ದ, ಈಗ ಇನ್ನೊಬ್ಬ. ಇವನು ಒಳ್ಳೆಯವನು, ಒಪ್ಪಿದೆ. ಆದ್ರೆ ಇವನಿಗೆ ರಜಾ ಯಾರು ಕೊಡ್ತಾರೆ?

"ಅವನು ದೇವರು ಕಣೋ, ಇದು ಪುರಾಣ" ಅಂತಾರೆ ಫ್ರೆಂಡ್ಸು. ಪುರಾಣ ಹೇಳೋದಾಗಿದ್ರೆ ಮೊದಲಿಂದ್ಲೇ ಹೇಳ್ಬೇಕಿತ್ತು, ಇಷ್ಟು ಹೊತ್ತು ನಮ್ಮನ್ನ ನಟ್ಟು ಬೋಲ್ಟು ಅಂತ ಕೂರಿಸಿದ್ಯಾಕೆ?

ನಂಗೆ ಇಷ್ಟು ಸಿಟ್ಟು ಬರೋಕೆ ಕಾರಣ ಇದೆ. ನಾನು ಹಿಂದೆ ಇದ್ದ ಒಂದು ಕಂಪನಿಯಲ್ಲಿ ಒಂದು ಹಳೇ ಬಿಲ್ಲಿಂಗ್ ಸಿಸ್ಟಮ್ಮಿನ ಒಳಹೊರಗು ಗೊತ್ತಿದ್ದಿದ್ದು ಒಬ್ಬರಿಗೇ. ತಂಗಿ ಮದುವೆಯ ಧಾರೆ ಹೊತ್ತಿಗೆ ಅವರು ಛತ್ರದ ಅಡುಗೆಮನೆ ಹಿಂದೆ ಲ್ಯಾಪ್‌ಟಾಪ್ ಇಟ್ಕೊಂಡು ನಿಂತಿದ್ರು. ಮುಂದಿನ ತಿಂಗಳು ಅವರಿಗೆ 'ಹೀರೋ' ಅಂತ ಒಂದು ಗಾಜಿನ ಫಲಕ ಬಂತು. ಇನ್ನೊಬ್ಬರಿಗೆ ಕೆಲಸ ಕಲಿಸೋಕೆ ಸಮಯ ಮಾತ್ರ ಯಾರೂ ಕೊಡ್ಲಿಲ್ಲ. ಆ ಸಿಂಹಾಸನ ನೋಡಿದಾಗೆಲ್ಲಾ ನಂಗೆ ಕಾಣೋದು ಆ ಫಲಕ.

ನಿಜ ಪ್ರಪಂಚದಲ್ಲಿ ಕಾಲ ಹೇಗೆ ನಿಂತಿದೆ ಗೊತ್ತಾ? ಪ್ಯಾರಿಸ್ ಹತ್ತಿರ ಬಿಐಪಿಎಂ ಅಂತ ಒಂದು ಅಳತೆ ಸಂಸ್ಥೆ ಇದೆ. ಪ್ರಪಂಚದ 80ಕ್ಕೂ ಹೆಚ್ಚು ಪ್ರಯೋಗಾಲಯಗಳ 400ಕ್ಕೂ ಹೆಚ್ಚು ಪರಮಾಣು ಗಡಿಯಾರಗಳ ಲೆಕ್ಕ ಅಲ್ಲಿಗೆ ಹೋಗುತ್ತೆ, ದೆಹಲಿಯ ನಮ್ಮ ರಾಷ್ಟ್ರೀಯ ಭೌತ ಪ್ರಯೋಗಾಲಯದ್ದೂ ಸೇರಿ. ಯಾವುದು ಎಷ್ಟು ನಂಬಿಕಸ್ತ ಅಂತ ತೂಗಿ ಸರಾಸರಿ ತೆಗೀತಾರೆ. ಒಂದು ಗಡಿಯಾರ ಕೆಟ್ರೆ ಅದನ್ನ ಪಕ್ಕಕ್ಕಿಟ್ಟು ಮುಂದೆ ಹೋಗ್ತಾರೆ. ಸಿಂಹಾಸನ ಇಲ್ಲ, ಹಿನ್ನೆಲೆ ಸಂಗೀತವೂ ಇಲ್ಲ. ಇದನ್ನ ಸಿನಿಮಾ ಮಾಡಿದ್ರೆ ಯಾರೂ ನೋಡಲ್ಲ, ಅದು ಬೇರೆ ಮಾತು.

ಕಥೆಯ ಕೊನೆಗೆ ಓಬಿ ಕೈಪಿಡಿಯ ಎರಡನೇ ಆವೃತ್ತಿ ಹೊರಗೆ ತರ್ತಾನೆ. ಲೋಕಿಗೆ ತೂಕಡಿಕೆ ಬಂದ್ರೆ ಏನ್ ಮಾಡ್ಬೇಕು ಅಂತ ಅದರಲ್ಲಿ ಎಷ್ಟನೇ ಪುಟದಲ್ಲಿ ಬರೆದಿದಾನೋ ನೋಡ್ಬೇಕು.