ಸಹಿ ಹಾಕಿದ್ದೆಲ್ಲ ತ್ಯಾಗವೇ?

ತನ್ನದೆಂದು ಅರಿತ ವಸ್ತುವನ್ನು ಸ್ವೇಚ್ಛೆಯಿಂದ ಬಿಡುವುದಕ್ಕೆ ತ್ಯಾಗವೆಂದು ಹೆಸರು. ಅರಿಯದೆ ಬಿಟ್ಟದ್ದಕ್ಕೂ ಅಂಜಿ ಬಿಟ್ಟದ್ದಕ್ಕೂ ಆ ಹೆಸರು ಸಲ್ಲದು. ಇಷ್ಟು ಸರಳವಾದ ವಿವೇಕವನ್ನು ಸಮಾಜದ ಮನೆತನಗಳು ಮರೆತಿರುವಾಗ ನ್ಯಾಯಾಲಯಗಳು ಅದನ್ನು ಎತ್ತಿಹಿಡಿಯುತ್ತಿರುವುದು ವಿಚಾರಾರ್ಹವಾದ ಸಂಗತಿ.

ಯಜಮಾನನು ತೀರಿಕೊಂಡ ಸೂತಕ ಕಳೆಯುವ ಮೊದಲೇ ಹೆಣ್ಣುಮಕ್ಕಳ ಮುಂದೆ ಹಕ್ಕುಬಿಡುಗಡೆ ಪತ್ರವನ್ನಿರಿಸುವ ಪದ್ಧತಿ ಅನೇಕ ಮನೆಗಳಲ್ಲಿದೆ. ಆಸ್ತಿಯ ಪಟ್ಟಿಯನ್ನು ಓದಿ ಹೇಳುವವರಿಲ್ಲ, ಬೆಲೆಯನ್ನು ತಿಳಿಸುವವರಿಲ್ಲ. ಅಣ್ಣತಮ್ಮಂದಿರ ಮುಖ ನೋಡಿ ಆಕೆ ಸಹಿ ಹಾಕುತ್ತಾಳೆ. ಮುಂದೆಂದೋ ಆಕೆ ಪಾಲು ಕೇಳಿದರೆ, ಬಿಟ್ಟುಕೊಟ್ಟದ್ದನ್ನು ಮರಳಿ ಬೇಡುವುದು ಅಧರ್ಮವೆಂದು ಅದೇ ಮನೆಯವರು ಉಪದೇಶಿಸುತ್ತಾರೆ. ಈ ಉಪದೇಶಕ್ಕೆ ಕಾನೂನಿನಲ್ಲಾಗಲಿ ನೀತಿಯಲ್ಲಾಗಲಿ ಆಧಾರವಿದೆಯೇ?

ಹಕ್ಕನ್ನು ಬಿಟ್ಟುಕೊಡುವುದೆಂದರೇನು ಎಂಬುದನ್ನು ಸರ್ವೋಚ್ಚ ನ್ಯಾಯಾಲಯವು ಸ್ಪಷ್ಟಪಡಿಸಿದ್ದು ವ್ಯಾಪಾರಿಗಳ ಒಂದು ಮೊಕದ್ದಮೆಯಲ್ಲಿ. ಮೋತಿಲಾಲ್ ಪದಂಪತ್ ಸಕ್ಕರೆ ಕಾರ್ಖಾನೆಗೆ ಉತ್ತರ ಪ್ರದೇಶ ಸರ್ಕಾರವು ವನಸ್ಪತಿ ಉದ್ಯಮ ಸ್ಥಾಪಿಸಿದರೆ ಮೂರು ವರ್ಷ ಮಾರಾಟ ತೆರಿಗೆಯ ವಿನಾಯಿತಿ ಕೊಡುವುದಾಗಿ ಭರವಸೆಯಿತ್ತಿತ್ತು. ಅದನ್ನು ನಂಬಿ ಕಂಪನಿಯು ಸಾಲ ಮಾಡಿ ಕಾರ್ಖಾನೆ ಕಟ್ಟಿತು. ಬಳಿಕ ಸರ್ಕಾರವು ಪೂರ್ಣ ವಿನಾಯಿತಿಯ ಬದಲು ಭಾಗಶಃ ರಿಯಾಯಿತಿ ಎಂದಿತು. ಕಂಪನಿ ಅದಕ್ಕೂ ಒಪ್ಪಿ ಪತ್ರ ಬರೆಯಿತು. ಕೊನೆಗೆ ಅದನ್ನೂ ಹಿಂತೆಗೆದುಕೊಂಡ ಸರ್ಕಾರವು, ಕಡಿಮೆಗೆ ಒಪ್ಪಿದವರು ಹೆಚ್ಚಿನ ಹಕ್ಕನ್ನು ಬಿಟ್ಟುಕೊಟ್ಟಂತಾಯಿತೆಂದು ವಾದಿಸಿತು. 1978ರ ಡಿಸೆಂಬರಿನಲ್ಲಿ ನ್ಯಾಯಮೂರ್ತಿ ಭಗವತಿಯವರು ಬರೆದ ತೀರ್ಪು ಈ ವಾದವನ್ನು ತಳ್ಳಿಹಾಕಿತು. ಹಕ್ಕು ತನಗಿದೆಯೆಂಬ ಪೂರ್ಣ ಅರಿವು ಮತ್ತು ಅದನ್ನು ಬಿಡುವ ಉದ್ದೇಶ, ಇವೆರಡೂ ಇಲ್ಲದೆ ಬಿಟ್ಟುಕೊಡುವಿಕೆ ಇಲ್ಲ. ಅದು ವಸ್ತುಸ್ಥಿತಿಯ ಪ್ರಶ್ನೆಯಾದುದರಿಂದ ಹಾಗೆ ವಾದಿಸುವವನು ಅದನ್ನು ಸರಿಯಾಗಿ ನಿವೇದಿಸಿ ಸಾಬೀತುಪಡಿಸಬೇಕು. ಪ್ರತಿಯೊಬ್ಬನೂ ಕಾನೂನು ಬಲ್ಲನೆಂಬ ಪೂರ್ವಭಾವನೆ ಇಲ್ಲವೆಂದೂ ಆ ತೀರ್ಪು ಹೇಳಿತು. ವ್ಯವಹಾರನಿಪುಣವಾದ ಕಂಪನಿಗೆ ಸಂದ ಈ ರಕ್ಷಣೆ ಅಂಗಡಿಯ ಲೆಕ್ಕಪುಸ್ತಕವನ್ನೇ ನೋಡದ ಹೆಣ್ಣುಮಗಳಿಗೆ ಸಲ್ಲದೆ?

ಹಾಗೆಂದು ಬಿಟ್ಟುಕೊಟ್ಟವರು ಎಂದಾದರೂ ಬಂದು ಕೇಳಬಹುದೆಂದು ನ್ಯಾಯಾಲಯಗಳು ಹೇಳುವುದಿಲ್ಲ. ದಾವೆ ಹೂಡುವವನು ಹಕ್ಕಿನ ಒಂದು ಭಾಗವನ್ನು ಬುದ್ಧಿಪೂರ್ವಕವಾಗಿ ಕೈಬಿಟ್ಟರೆ, ಸಿವಿಲ್ ಪ್ರಕ್ರಿಯಾ ಸಂಹಿತೆಯ 2ನೆಯ ಆದೇಶದ 2ನೆಯ ನಿಯಮದಂತೆ ಆ ಭಾಗಕ್ಕಾಗಿ ಪುನಃ ದಾವೆ ಹೂಡಲಾಗದು. ಅನುಮತಿಯಿಲ್ಲದೆ ದಾವೆಯನ್ನು ಹಿಂತೆಗೆದುಕೊಂಡವನಿಗೆ 23ನೆಯ ಆದೇಶವು ಅದೇ ವಿಷಯದ ಹೊಸ ದಾವೆಯನ್ನು ನಿಷೇಧಿಸುತ್ತದೆ. ತಿಳಿದು, ತಕ್ಕ ಪ್ರತಿಫಲ ಪಡೆದು, ನೋಂದಾಯಿಸಿಕೊಟ್ಟ ಬಿಡುಗಡೆ ಪತ್ರವನ್ನು ಸುಲಭವಾಗಿ ಅಳಿಸಲಾಗದು. ತಂದೆ ಬದುಕಿರುವಾಗ ಅವನ ಸ್ವಯಾರ್ಜಿತದಲ್ಲಿ ಮುಂದೆ ಬರಬಹುದಾದ ಪಾಲು ಬರಿಯ ನಿರೀಕ್ಷೆ. ಸ್ವತ್ತು ವರ್ಗಾವಣೆ ಕಾಯಿದೆಯ 6ನೆಯ ಪ್ರಕರಣದಂತೆ ಅದು ವರ್ಗಾವಣೆಗೆ ಅರ್ಹವಲ್ಲ. ಆದರೂ ಹಣ ಪಡೆದು ಅದನ್ನು ಬಿಟ್ಟವನ ನಡತೆಯೇ ಅವನನ್ನು ಕಟ್ಟಿಹಾಕಬಹುದೆಂದು ಗುಲಾಂ ಅಬ್ಬಾಸ್ ಪ್ರಕರಣದಲ್ಲಿ 1972ರಲ್ಲಿ ತೀರ್ಮಾನವಾಯಿತು. ಪ್ರಾಮಾಣಿಕವಾಗಿ ಕೊಟ್ಟು ಪಡೆದವರಿಗೆ ಕಾನೂನಿನಿಂದ ಭಯವಿಲ್ಲ.

ಜೈನರಿಗೂ ಅನ್ವಯಿಸುವ 1956ರ ಹಿಂದೂ ಉತ್ತರಾಧಿಕಾರ ಕಾಯಿದೆಗೆ 2005ರಲ್ಲಿ ತಿದ್ದುಪಡಿಯಾಗಿ, ಮಗಳೂ ಹುಟ್ಟಿನಿಂದಲೇ ಅವಿಭಕ್ತ ಆಸ್ತಿಯ ಸಮಪಾಲುದಾರಳಾದಳು. 2020ರ ಆಗಸ್ಟ್ 11ರ ವಿನೀತಾ ಶರ್ಮ ತೀರ್ಪಿನಂತೆ, ತಿದ್ದುಪಡಿಯ ದಿನ ತಂದೆ ಜೀವಂತನಿರಬೇಕೆಂಬುದೂ ಇಲ್ಲ. ಬಾಯಿಮಾತಿನ ವಿಭಾಗವಾಗಿತ್ತೆಂಬ ಹೇಳಿಕೆಯನ್ನು ಬಲವಾದ ಸಾಕ್ಷ್ಯವಿಲ್ಲದೆ ನಂಬಲೂ ಆಗದು. ಆಕೆ ಸುಮ್ಮನಿದ್ದಳೆಂಬ ಒಂದೇ ಕಾರಣದಿಂದ ಹಕ್ಕು ಹೋಯಿತೆನ್ನುವವರು ಇದನ್ನು ಗಮನಿಸಬೇಕು.

ಬಸದಿಗಳ ಆಡಳಿತ ಮಂಡಳಿಗಳಿಗೂ ಇಲ್ಲೊಂದು ಪಾಠವಿದೆ. ಊರಿನ ಸೌಹಾರ್ದದ ಹೆಸರಿನಲ್ಲಿ ಧರ್ಮದರ್ಶಿಗಳು ಬಸದಿಯ ಭೂಮಿಯ ದಾವೆಯನ್ನು ರಾಜಿಯಲ್ಲಿ ಮುಗಿಸುವುದುಂಟು. 1976ರ ತಿದ್ದುಪಡಿಯಿಂದ ಸೇರಿದ 23ನೆಯ ಆದೇಶದ 3ಬಿ ನಿಯಮದಂತೆ, ಪ್ರಾತಿನಿಧಿಕ ದಾವೆಯಲ್ಲಿ ನ್ಯಾಯಾಲಯದ ಅನುಮತಿ ನಡವಳಿಯಲ್ಲಿ ದಾಖಲಾಗದೆ ಮಾಡಿಕೊಂಡ ರಾಜಿಯು ಶೂನ್ಯ. ಸಾರ್ವಜನಿಕ ಧರ್ಮಸಂಸ್ಥೆಗಳ ಕುರಿತಾದ 92ನೆಯ ಪ್ರಕರಣದ ದಾವೆಯೂ, ಅವಿಭಕ್ತ ಕುಟುಂಬದ ಯಜಮಾನನು ಇತರರ ಪರವಾಗಿ ನಡೆಸುವ ದಾವೆಯೂ ಇದರೊಳಗೆ ಬರುತ್ತವೆ. ತನ್ನದಲ್ಲದುದನ್ನು ಬಿಟ್ಟುಕೊಟ್ಟು ಉದಾರಿಯೆನಿಸಿಕೊಳ್ಳುವ ಅಧಿಕಾರ ಯಾರಿಗೂ ಇಲ್ಲವೆಂಬುದೇ ಈ ನಿಯಮದ ತಾತ್ಪರ್ಯ.

ನ್ಯಾಯಾಲಯಗಳು ಮನೆ ಮುರಿಯುತ್ತವೆಂಬ ಆಕ್ಷೇಪ ಹಳೆಯದು. ಮನಸಾರೆ ಕೊಟ್ಟದ್ದನ್ನು ಅವು ಕಸಿಯುತ್ತಿಲ್ಲ. ಕಸಿದುಕೊಂಡದ್ದಕ್ಕೆ ದಾನವೆಂಬ ಹೆಸರಿಡಲು ಮಾತ್ರ ಒಪ್ಪುತ್ತಿಲ್ಲ. ಅಚೌರ್ಯವನ್ನು ಅಣುವ್ರತಗಳಲ್ಲೊಂದಾಗಿ ಸ್ವೀಕರಿಸಿದ ಶ್ರಾವಕನು, ಕೊಡದುದನ್ನು ತೆಗೆದುಕೊಳ್ಳಬಾರದೆಂಬುದನ್ನು ನ್ಯಾಯಾಧೀಶರಿಂದ ಕಲಿಯಬೇಕಾಗಿ ಬಂದುದು ಲಜ್ಜಾಸ್ಪದ. ಹಕ್ಕುಬಿಡುಗಡೆ ಪತ್ರಕ್ಕೆ ಸಹಿ ಪಡೆಯುವ ಮುನ್ನ ಆಸ್ತಿಯ ಪೂರ್ಣ ಪಟ್ಟಿಯನ್ನೂ ಮೌಲ್ಯವನ್ನೂ ಸೋದರಿಯ ಕೈಗಿಡಲಿ, ಆಕೆಯದೇ ವಕೀಲರನ್ನು ಕಾಣಲು ಕಾಲಾವಕಾಶವಿರಲಿ, ಬೇಡವೆನ್ನುವ ಸ್ವಾತಂತ್ರ್ಯವಿರಲಿ. ಅಷ್ಟಾದ ಮೇಲೂ ಆಕೆ ಬಿಟ್ಟುಕೊಟ್ಟರೆ ಅದನ್ನು ತ್ಯಾಗವೆನ್ನಲು ಸಮಾಜಕ್ಕೂ ನ್ಯಾಯಾಲಯಕ್ಕೂ ಅಡ್ಡಿಯಿರದು.