ಟಾಕೀಸಿನ ಬಾಗಿಲು ಮುಚ್ಚಿದ್ದು ಯಾರಿಗೆ?

ಸಿನಿಮಾ ನೋಡುವುದು ಹರಾಮೇ, ಹಲಾಲೇ ಎಂಬ ಚರ್ಚೆ ನಮ್ಮ ಮೊಹಲ್ಲಾಗಳಲ್ಲಿ ಇನ್ನೂ ಮುಗಿದಿಲ್ಲ. ಜುಮಾ ಬಯಾನ್‌ಗಳಲ್ಲಿ, ಮದುವೆ ಮನೆಗಳಲ್ಲಿ ಅದು ಮತ್ತೆ ಮತ್ತೆ ತಲೆ ಎತ್ತುತ್ತದೆ. ಈ ಚರ್ಚೆಯ ಏಟು ಬೀಳುವುದು ಯಾರ ಬೆನ್ನಿನ ಮೇಲೆ ಎಂದು ಕೇಳುವವರು ಮಾತ್ರ ಕಡಿಮೆ. ನಾವು ಕೇಳುತ್ತಿದ್ದೇವೆ.

ಈದ್ ನಮಾಜ್ ಮುಗಿಸಿ, ಸುರಕುಂಬಾ ಕುಡಿದು, ಹೊಸ ಬಟ್ಟೆಯಲ್ಲೇ ಟಾಕೀಸಿಗೆ ಓಡುವ ಹುಡುಗರನ್ನು ತಡೆದ ಜಮಾತನ್ನು ನಾವು ಕಂಡಿಲ್ಲ. ಹಿಂದಿ ನಿರ್ಮಾಪಕರಿಗೂ ಇದು ಚೆನ್ನಾಗಿ ಗೊತ್ತು. 2009ರ ‘ವಾಂಟೆಡ್’, 2010ರ ‘ದಬಂಗ್’ ತೆರೆಕಂಡಿದ್ದು ರಮಜಾನ್ ಈದ್‌ನ ಹೊತ್ತಿಗೇ. ಅದೇ ಮನೆಯ ಹುಡುಗಿ ಒಂದು ಮ್ಯಾಟಿನಿಗೆ ಹೋಗಿಬಂದಳೆಂದರೆ ಮಾತ್ರ ಖಾನ್‌ದಾನಿನ ಇಜ್ಜತ್ ಹೋಯಿತೆಂಬ ಗುಲ್ಲು. ಗುನಾಹ್ ಅಳೆಯುವುದಕ್ಕೆ ಗಂಡಿಗೊಂದು ತಕ್ಕಡಿ, ಹೆಣ್ಣಿಗೊಂದು ತಕ್ಕಡಿಯೇ?

ಎಲ್ಲ ಕಾಲಕ್ಕೂ ಹೀಗಿರಲಿಲ್ಲ. ಟೂರಿಂಗ್ ಟಾಕೀಸುಗಳಲ್ಲಿ ಹೆಂಗಸರಿಗೆ ಬೇರೆ ಸಾಲು, ಬೇರೆ ಜಾಗವಿತ್ತು. ನಮ್ಮ ಖಾಲಾಗಳು, ಫುಪ್ಪುಗಳು ನೆರೆಮನೆಯ ಅಕ್ಕಂದಿರ ಜೊತೆ ಕೂತು ‘ಪಾಕೀಜಾ’ (1972) ನೋಡಿ ಅತ್ತರು. ರಾಜ್‌ಕುಮಾರರ ‘ಬಂಗಾರದ ಮನುಷ್ಯ’ (1972) ನೋಡಿಯೂ ಅತ್ತರು. ಬುರ್ಖಾ ತೊಟ್ಟವರೂ ಕುಂಕುಮ ಇಟ್ಟವರೂ ಒಂದೇ ಬೆಂಚಿನ ಮೇಲೆ ಶೇಂಗಾ ಸುಲಿದರು. ಅಂಥ ಇನ್ನೊಂದು ಜಾಗವನ್ನು ನಮ್ಮ ಊರುಗಳು ಅವರಿಗೆ ಕೊಟ್ಟಿಲ್ಲ. ಮಸೀದಿಯ ಬಾಗಿಲೂ ಬಹುತೇಕ ಕಡೆ ಅವರಿಗೆ ತೆರೆದಿಲ್ಲ.

ಸಿನಿಮಾ ನಮ್ಮನ್ನು ಕೆಟ್ಟದಾಗಿ ತೋರಿಸುತ್ತದೆ ಎನ್ನುತ್ತಾರೆ. ಬಹಳಷ್ಟು ಸಲ ನಿಜ. ಆದರೆ ಗಿರೀಶ್ ಕಾಸರವಳ್ಳಿಯವರು ಬಾನು ಮುಷ್ತಾಕರ ಕಥೆಯಿಂದ ‘ಹಸೀನಾ’ (2004) ಮಾಡಿದರು, ವೈದೇಹಿಯವರ ಕಥೆಯಿಂದ ‘ಗುಲಾಬಿ ಟಾಕೀಸ್’ (2008) ಮಾಡಿದರು. ಎರಡನೆಯದರ ನಾಯಕಿ ಸಿನಿಮಾ ಹುಚ್ಚಿನ ಮುಸ್ಲಿಂ ಸೂಲಗಿತ್ತಿ. ತಮ್ಮದೇ ಬದುಕಿನ ಈ ಚಿತ್ರಗಳನ್ನು ಟಾಕೀಸಿನಲ್ಲಿ ಕೂತು ನೋಡಲು ನಮ್ಮ ಎಷ್ಟು ಹೆಣ್ಣುಮಕ್ಕಳಿಗೆ ಇಜಾಜತ್ ಸಿಕ್ಕಿತು?

ಮಾತೆತ್ತಿದರೆ ಸೌದಿಯ ಕಡೆ ಬೆರಳು ತೋರುವವರಿಗೆ ಒಂದು ಮಾತು. 35 ವರ್ಷಕ್ಕೂ ಹೆಚ್ಚು ಕಾಲ ಅಲ್ಲಿ ಮುಚ್ಚಿದ್ದ ಚಿತ್ರಮಂದಿರಗಳು 2018ರಲ್ಲಿ ತೆರೆದವು. ಹೆಂಗಸರೂ ಹೋಗುತ್ತಾರೆ.

ಈಗಂತೂ ಸಿನಿಮಾ ಎಲ್ಲರ ಮೊಬೈಲಿನಲ್ಲೇ ಇದೆ. ಅದನ್ನು ವಿರೋಧಿಸುವ ಬಯಾನ್ ಕೂಡ ಯೂಟ್ಯೂಬಿನಲ್ಲೇ ಸಿಗುತ್ತದೆ. ಮನೆಯೊಳಗೆ ನೋಡಿದರೆ ಸುಮ್ಮನಿರುವವರು ಟಾಕೀಸಿಗೆ ಹೊರಟಾಗ ಮಾತ್ರ ದೀನಿನ ಹೆಸರೆತ್ತುತ್ತಾರೆಂದರೆ, ಅವರ ತಕರಾರು ಹೆಣ್ಣು ಹೊಸಿಲು ದಾಟುವುದರ ಬಗ್ಗೆ.

ಸಿನಿಮಾ ಬೇಡವೇ ಬೇಡ ಎನ್ನುವವರು ಮೊದಲು ತಮ್ಮ ಗಂಡುಮಕ್ಕಳ ಟಿಕೇಟು ಹರಿಯಲಿ. ಅದು ಆಗದಿದ್ದರೆ ಬರುವ ಈದ್‌ಗೆ ಮನೆಯ ಹೆಂಗಸರಿಗೂ ಟಿಕೇಟು ತರಲಿ.