ಮುಷ್ಟಿಕಾಳಗದ ನಗೆ

ಅಮೆರಿಕದ ಮೂಕಚಿತ್ರಗಳಲ್ಲಿ ಬರುವ ಮುಷ್ಟಿಕಾಳಗದ ಪ್ರಹಸನಗಳ ವಿಷಯದಲ್ಲಿ ರಸಿಕರೆನಿಸಿಕೊಂಡವರಿಗೆ ಒಂದು ತಿರಸ್ಕಾರವು ಬೇರೂರಿದೆ. ಒಬ್ಬನು ಗುದ್ದುವುದು, ಮತ್ತೊಬ್ಬನು ಬೀಳುವುದು, ಕಂಡವರು ಹೊಟ್ಟೆ ಹಿಡಿದು ನಗುವುದು. ಇದರಲ್ಲಿ ರಸವೆಲ್ಲಿಯದು ಎನ್ನುತ್ತಾರೆ. ಅತಿಹಸಿತವನ್ನು ಭರತಮುನಿಯು ಅಧಮಪ್ರಕೃತಿಯವರಿಗೆ ಹೇಳಿರುವನೆಂದು ಆಧಾರವನ್ನೂ ಮುಂದಿಡುತ್ತಾರೆ. ಭರತನು ವಿಂಗಡಿಸಿದುದು ನಗುವವರ ರೀತಿಯನ್ನು. ಗಟ್ಟಿಯಾಗಿ ನಕ್ಕವನು ಕೀಳಾದುದಕ್ಕೇ ನಕ್ಕನೆಂಬುದು ಅದರಿಂದ ಸಿದ್ಧವಾಗದು.

ಆ ಚಿತ್ರಗಳನ್ನು ಕಣ್ಣಿಟ್ಟು ನೋಡಿದವರಿಗೆ ಪೆಟ್ಟು ಅಲ್ಲಿ ನೆಪಮಾತ್ರವೆಂದೂ, ನಗೆಗೆ ಗುರಿಯಾಗುವುದು ಕಣದ ನ್ಯಾಯವೆಂದೂ ತಿಳಿಯದಿರದು. 1914ರ ‘ದಿ ನಾಕೌಟ್’ನಲ್ಲಿ ಕಾದುವವರು ರಾಸ್ಕೋ ಆರ್ಬಕಲ್ ಮತ್ತು ಎಡ್ಗರ್ ಕೆನಡಿ; ನಡುವೆ ನಿಂತ ತೀರ್ಪುಗಾರನು ಚಾರ್ಲಿ ಚಾಪ್ಲಿನ್. ನಿಯಮವನ್ನು ಕಾಯಬೇಕಾದ ಅವನೇ ಪೆಟ್ಟು ತಿಂದು ತತ್ತರಿಸಿ, ನೆಲದಲ್ಲಿ ಕುಳಿತು ಹಗ್ಗ ಹಿಡಿದು ತೆವಳುತ್ತಾನೆ.

ಮರುವರ್ಷದ ‘ದಿ ಚಾಂಪಿಯನ್’ ಇನ್ನೂ ಕಟುವಾದುದು. ತನ್ನ ಪಾಲಿನ ತುಣುಕು ಮಾಂಸವನ್ನು ನಾಯಿಯೊಡನೆ ಹಂಚಿಕೊಳ್ಳುವ ಅಲೆಮಾರಿಯೊಬ್ಬನು ಮಲ್ಲನಿಂದ ಪೆಟ್ಟು ತಿನ್ನುವ ಕೂಲಿಗೆ ಸೇರುತ್ತಾನೆ. ತನಗಿಂತ ಮುಂದೆ ಹೋದವರು ಒಬ್ಬೊಬ್ಬರಾಗಿ ಹೆಣದಂತೆ ಹೊರಬರುವುದನ್ನು ಕಂಡು, ಅದೃಷ್ಟವೆಂದು ಸಿಕ್ಕಿದ್ದ ಕುದುರೆಯ ಲಾಳವನ್ನು ಕೈಗವಸಿನೊಳಗೆ ಸೇರಿಸುತ್ತಾನೆ. ಇದು ಮೋಸವಲ್ಲವೆ? ಮೋಸವೇ ಸರಿ. ಆದರೆ ಹಸಿದವನನ್ನು ಕೊಬ್ಬಿದವನೆದುರು ನಿಲ್ಲಿಸಿ, ಇಬ್ಬರಿಗೂ ಒಂದೇ ಬಗೆಯ ಗವಸು ತೊಡಿಸಿದೊಡನೆ ಸಮತೆಯಾಯಿತೆಂದು ಸಾರುವುದು ಏನು? ಕೊನೆಯ ಕಾಳಗದಲ್ಲಿ ನಾಯಿಯೇ ನುಗ್ಗಿ ಎದುರಾಳಿಯನ್ನು ಕಚ್ಚಿ ಹಿಡಿಯುತ್ತದೆ. ಕಣದ ಧರ್ಮಶಾಸ್ತ್ರವು ಅಲ್ಲಿಗೆ ಮುಗಿಯಿತು.

1927ರ ಸೆಪ್ಟೆಂಬರ್ 22ರಂದು ಷಿಕಾಗೋದಲ್ಲಿ ಜ್ಯಾಕ್ ಡೆಂಪ್ಸಿಯು ಜೀನ್ ಟನಿಯನ್ನು ಕೆಡವಿದನು. ಕೆಡವಿದವನು ದೂರದ ಮೂಲೆಗೆ ಸರಿಯಬೇಕೆಂಬುದು ನಿಯಮ. ಡೆಂಪ್ಸಿ ತಡಮಾಡಿದನು, ತೀರ್ಪುಗಾರನು ಎಣಿಕೆಯನ್ನು ತಡೆದನು, ಬಿದ್ದವನು ಸುಧಾರಿಸಿಕೊಂಡು ಗೆದ್ದನು. ಲೋಕವು ಗಂಭೀರವಾಗಿ ವಾದಿಸುತ್ತಿರುವಾಗಲೇ ಲಾರೆಲ್ ಮತ್ತು ಹಾರ್ಡಿ ಆ ಡಿಸೆಂಬರಿನ ‘ದಿ ಬ್ಯಾಟಲ್ ಆಫ್ ದಿ ಸೆಂಚುರಿ’ಯಲ್ಲಿ ಅದನ್ನೇ ಆಡಿ ತೋರಿಸಿದರು. ದೈತ್ಯನನ್ನು ಒಂದೇ ಗುದ್ದಿಗೆ ಮಲಗಿಸಿದ ಬಡಪಾಯಿ ಲಾರೆಲ್‌ಗೆ ಮೂಲೆಯ ವಿಚಾರವೇ ತಲೆಗೆ ಹತ್ತದು. ಅಷ್ಟರಲ್ಲಿ ದೈತ್ಯನು ಎದ್ದನು. ಪಂಡಿತರಿಗಾದರೋ ಆ ಚಿತ್ರದಲ್ಲಿ ನೆನಪಿರುವುದು ಪೈ ಎಂಬ ತಿಂಡಿಯನ್ನು ಮುಖಕ್ಕೆ ಎರಚುವ ಗದ್ದಲವೊಂದೇ.

ಹಾಗಾದರೆ 1931ರ ‘ಸಿಟಿ ಲೈಟ್ಸ್’ನ ಕಾಳಗಕ್ಕೆ ಮಾತ್ರ ಇಷ್ಟು ಮನ್ನಣೆಯೇಕೆ? ಅಲ್ಲಿಯೂ ಚಾಪ್ಲಿನ್ ತೀರ್ಪುಗಾರನ ಬೆನ್ನ ಹಿಂದೆ ಅಡಗುತ್ತಾನೆ, ತೀರ್ಪುಗಾರನು ನಡುವೆ ಸಿಕ್ಕಿ ಒದ್ದಾಡುತ್ತಾನೆ. ಕುರುಡಿಯೊಬ್ಬಳ ದುಃಖವು ಜೊತೆಗಿರುವುದರಿಂದ ಅದು ಕಲೆ. ಎರಡು ರೀಲಿನ ಹಳೆಯ ಚಿತ್ರಗಳು ಬರಿಯ ಚೇಷ್ಟೆ! ಹದಿನೇಳು ವರ್ಷಗಳ ಹಿಂದೆ ಅದೇ ನಟನು ತೀರ್ಪುಗಾರನಾಗಿ ತಿಂದ ಪೆಟ್ಟುಗಳನ್ನು ಈ ಮನ್ನಣೆಯ ಲೆಕ್ಕಕ್ಕೆ ಅವರು ಇನ್ನೂ ಸೇರಿಸಿಲ್ಲ.